ಸರಾಸರಿಯ ಸಿರಿ

ಕೆಲವು ತಿಂಗಳ ಹಿಂದೆ ಒಂದು ಸಭೆಯಲ್ಲಿ ಭಾಷಣಕಾರರೊಬ್ಬರು ನಮಗೆ ಶುಭವಾರ್ತೆಯೊಂದನ್ನು ತಿಳಿಸಿದರು. ನಾವು ಸಿರಿವಂತರಂತೆ! ಸಂಗಾರೆಡ್ಡಿ ಜಿಲ್ಲೆಯ ತಲಾ ಆದಾಯವು ತೆಲಂಗಾಣದ ಜಿಲ್ಲೆಗಳಲ್ಲಿ ಮೇಲಿನ ಸಾಲಿನದು. ನಾಗಲಗಿದ್ದವು ಸಂಗಾರೆಡ್ಡಿ ಜಿಲ್ಲೆಗೆ ಸೇರಿದುದು. ಆದುದರಿಂದ ನಾಗಲಗಿದ್ದದ ಜನರು ಸುಖಿಗಳು. ಹಿಂದಿನ ಬೆಂಚಿನಲ್ಲಿ ಕುಳಿತಿದ್ದ ಉಪಾಧ್ಯಾಯರಾದ ನಾವು ಒಬ್ಬರ ಮುಖವನ್ನೊಬ್ಬರು ನೋಡಿಕೊಂಡೆವು. ಚಪ್ಪಾಳೆಯನ್ನೂ ತಟ್ಟಿದೆವು, ಅದನ್ನು ಮರೆಮಾಚುವುದಿಲ್ಲ. ಅಂದು ಆಡದೆ ಉಳಿದ ಮಾತನ್ನು ಇಲ್ಲಿ ಆಡುತ್ತೇವೆ.

ನಮ್ಮ ಜಿಲ್ಲೆಯ ಪೂರ್ವದ ಕಡೆಗೆ ಪಟಾನ್‌ಚೆರು ಇದೆ. ಅದು ಹೈದರಾಬಾದಿನ ಹೊಸ್ತಿಲು. ಔಷಧ ತಯಾರಿಸುವ ಕಾರ್ಖಾನೆಗಳೇ ಮೊದಲಾಗಿ ದೊಡ್ಡ ದೊಡ್ಡ ಉದ್ಯಮಗಳು ಅಲ್ಲಿ ಸಾಲುಗಟ್ಟಿವೆ. ಬೀದರಿನ ಗಡಿಗೆ ಅಂಟಿಕೊಂಡ ಈ ಕಡೆಯ ಅಂಚಿನಲ್ಲಿ ನಾವಿದ್ದೇವೆ; ತೊಗರಿ, ಹತ್ತಿ, ಹೆಸರು, ಉದ್ದು ಬಿತ್ತಿ ಮುಗಿಲು ನೋಡುವವರು. ಜಿಲ್ಲೆಯ ಉತ್ಪನ್ನವನ್ನು ಲೆಕ್ಕ ಹಾಕುವ ವಿಧಾನವು ಸಂಪತ್ತು ಎಲ್ಲಿ ಹುಟ್ಟಿತೆಂದು ಕೇಳುತ್ತದೆಯೇ ಹೊರತು ಯಾರ ಮನೆಯನ್ನು ಸೇರಿತೆಂದು ಕೇಳುವುದಿಲ್ಲ. ಪಟಾನ್‌ಚೆರುವಿನ ಲಾಭವು ಹೈದರಾಬಾದಿಗೆ ಹೋಗಲಿ, ಮುಂಬಯಿಗೆ ಹೋಗಲಿ, ಲೆಕ್ಕದಲ್ಲಿ ಅದು ಸಂಗಾರೆಡ್ಡಿಯದೇ. ಆ ಮೊತ್ತವನ್ನು ಜಿಲ್ಲೆಯ ಜನಸಂಖ್ಯೆಯಿಂದ ಭಾಗಿಸಿದರೆ ತಲಾ ಆದಾಯವೆಂಬುದು ದೊರೆಯುತ್ತದೆ. ಹೀಗೆ ನಮ್ಮ ತಲೆಗಳು ಭಾಜಕದಲ್ಲಿವೆ. ಭಾಗಲಬ್ಧವು ನಮ್ಮ ಕೈಯಲ್ಲಿಲ್ಲ. ಹೊಳೆಯ ಸರಾಸರಿ ಆಳವನ್ನು ಎಣಿಸಿ ಹೆಂಡಿರುಮಕ್ಕಳನ್ನು ದಾಟಿಸಹೋದ ಕುಲಕರ್ಣಿಯ ಕಥೆಯನ್ನು ನಾಲ್ಕನೆಯ ತರಗತಿಯ ಮಕ್ಕಳೂ ಬಲ್ಲರು. ಅವನ ಲೆಕ್ಕವೇನೂ ತಪ್ಪಿರಲಿಲ್ಲ.

ಇನ್ನೊಂದು ವಿನೋದವನ್ನು ನೋಡಿರಿ. 1956ರ ನವೆಂಬರ್ 1ರವರೆಗೆ ನಾರಾಯಣಖೇಡ ತಾಲೂಕು ಬೀದರ ಜಿಲ್ಲೆಯಲ್ಲಿತ್ತು. ರಾಜ್ಯಗಳ ಪುನರ್ವಿಂಗಡಣೆಯಲ್ಲಿ ಬೀದರು ಮೈಸೂರಿಗೆ ಹೋಯಿತು, ನಾರಾಯಣಖೇಡವೂ ಜಹೀರಾಬಾದಿನ ಬಹುಭಾಗವೂ ಆಂಧ್ರಪ್ರದೇಶದ ಮೆದಕ ಜಿಲ್ಲೆಯನ್ನು ಸೇರಿದವು. ಗುಲ್ಬರ್ಗದಿಂದ ತಾಂಡೂರು ಹೀಗೆಯೇ ಬೇರ್ಪಟ್ಟಿತು. 2016ರಲ್ಲಿ ಮೆದಕವನ್ನು ಒಡೆದಾಗ ನಾವು ಸಂಗಾರೆಡ್ಡಿಯವರಾದೆವು. ಕುಳಿತ ಜಾಗದಿಂದ ಏಳದೆಯೇ ನಾವು ಮೂರು ಜಿಲ್ಲೆಗಳನ್ನು ಸುತ್ತಿದ್ದೇವೆ. ಪ್ರತಿ ಸಲವೂ ನಮ್ಮ 'ತಲಾ ಆದಾಯ' ಬದಲಾಯಿತು. ಹೊಲ ಅದೇ, ಬಾವಿ ಅದೇ, ಸಾಲವೂ ಅದೇ.

ಆಚೆಯ ಕರ್ನಾಟಕದಲ್ಲಿ ಡಾ. ಡಿ. ಎಂ. ನಂಜುಂಡಪ್ಪನವರ ಸಮಿತಿಯು 2002ರಲ್ಲಿ 175 ತಾಲೂಕುಗಳನ್ನು ಒಂದೊಂದಾಗಿ 35 ಸೂಚಿಗಳಿಂದ ಅಳೆಯಿತು. 114 ತಾಲೂಕುಗಳು ಹಿಂದುಳಿದವು. ಅವುಗಳಲ್ಲಿ 39 ಅತ್ಯಂತ ಹಿಂದುಳಿದವು. ಆ 39ರಲ್ಲಿ 21 ಗುಲ್ಬರ್ಗ ವಿಭಾಗದವು ಎಂದು ಕಂಡಿತು. ರಾಜ್ಯದ ಸರಾಸರಿಯ ಕೆಳಗೆ ಅಡಗಿದ್ದ ಊರುಗಳು ಆಗ ಕಣ್ಣಿಗೆ ಬಿದ್ದವು. ಮುಂದೆ ಸಂವಿಧಾನದ 98ನೆಯ ತಿದ್ದುಪಡಿಯಿಂದ 371ಜೆ ವಿಧಿ ಬಂದು, ಹೈದರಾಬಾದ್ ಕರ್ನಾಟಕದ ಜಿಲ್ಲೆಗಳ ಮಕ್ಕಳಿಗೆ ವಿದ್ಯಾಭ್ಯಾಸದಲ್ಲಿಯೂ ನೌಕರಿಯಲ್ಲಿಯೂ ಮೀಸಲು ದೊರೆಯಿತು. ನಮಗೆ ಹೊಟ್ಟೆಕಿಚ್ಚಿಲ್ಲ, ಅವರು ನಮ್ಮ ಬೀಗರು. ಆದರೆ ಗಡಿಯ ಆಚೆ ಮದುವೆಯಾಗಿ ಹೋದ ಅಕ್ಕನ ಮಗ 'ಹಿಂದುಳಿದ ಸೀಮೆಯವನು', ಅದೇ ಮಣ್ಣಿನಲ್ಲಿ ಈಚೆ ಉಳಿದ ತಮ್ಮನ ಮಗ 'ಶ್ರೀಮಂತ ಜಿಲ್ಲೆಯವನು' ಎಂಬ ತೀರ್ಪನ್ನು ಕೊಟ್ಟವರು ಯಾರು? ಬಡತನವಲ್ಲ, ಅಳೆಯುವವನು ಎಳೆದ ಗೆರೆ.

ಇದು ನಮ್ಮೂರಿನ ರಗಳೆಯೆಂದು ತಳ್ಳಿಹಾಕುವಂತಿಲ್ಲ. ದೇಶ ದೇಶಗಳನ್ನು ಹೋಲಿಸುವಲ್ಲಿಯೂ ಇದೇ ಆಟ ನಡೆದಿದೆ. ಭಾರತವು ಜಗತ್ತಿನಲ್ಲಿ ನಾಲ್ಕನೆಯ ಅತಿ ಸಮಾನ ದೇಶವೆಂದು ಕೇಂದ್ರ ಸರ್ಕಾರವು 2025ರ ಜುಲೈನಲ್ಲಿ ಸಾರಿತು. ಆಧಾರವು ವಿಶ್ವಬ್ಯಾಂಕಿನ ಗಿನಿ ಅಂಕ. ಇಟಲಿಯ ಕೊರಾಡೊ ಗಿನಿ ಎಂಬ ಪಂಡಿತನು 1912ರಲ್ಲಿ ರೂಪಿಸಿದ ಈ ಅಳತೆಯಲ್ಲಿ ಎಲ್ಲರಿಗೂ ಸಮಪಾಲಿದ್ದರೆ ಸೊನ್ನೆ. ಎಲ್ಲವೂ ಒಬ್ಬನ ಪಾಲಾದರೆ 100. ಭಾರತದ ಅಂಕ 2022-23ಕ್ಕೆ 25.5, ಅಮೆರಿಕದ್ದು 41.8. ಹಿಗ್ಗುವ ಮೊದಲು ಕೇಳಬೇಕಾದ ಪ್ರಶ್ನೆ ಒಂದಿದೆ: ಅಳೆದದ್ದು ಯಾವುದನ್ನು? ಅಮೆರಿಕದಲ್ಲಿ ಆದಾಯವನ್ನು, ನಮ್ಮಲ್ಲಿ ವೆಚ್ಚವನ್ನು. ನೂರು ಎಕರೆಯ ಧಣಿಯೂ ಅವನ ಆಳೂ ಊಟಕ್ಕೆ ಕುಳಿತರೆ ಧಣಿಯು ನೂರು ಪಟ್ಟು ರೊಟ್ಟಿ ತಿನ್ನಲಾರನು. ಉಳಿದದ್ದು ಬ್ಯಾಂಕಿಗೆ, ನಿವೇಶನಕ್ಕೆ, ಬಂಗಾರಕ್ಕೆ ಹೋಗುತ್ತದೆ. ವೆಚ್ಚದ ಪಟ್ಟಿಯಲ್ಲಿ ಅದು ಕಾಣುವುದಿಲ್ಲ. ಮೇಲಾಗಿ ಅತಿ ಶ್ರೀಮಂತನ ಬಂಗಲೆಯ ಬಾಗಿಲು ಸಮೀಕ್ಷೆಯವನಿಗೆ ಸುಲಭವಾಗಿ ತೆರೆಯದು. ವಿಶ್ವ ಅಸಮಾನತೆ ಪ್ರಯೋಗಾಲಯದ ಅರ್ಥಶಾಸ್ತ್ರಜ್ಞರು ತೆರಿಗೆಯ ದಾಖಲೆಗಳನ್ನೂ ಕೂಡಿಸಿಕೊಂಡು ಆದಾಯವನ್ನೇ ಅಳೆದು 2024ರಲ್ಲಿ ಪ್ರಕಟಿಸಿದ ಲೆಕ್ಕದಂತೆ, ಅದೇ 2022-23ರಲ್ಲಿ ದೇಶದ ಆದಾಯದ ಶೇಕಡ 22.6ರಷ್ಟು ಮೇಲಿನ ಶೇಕಡ ಒಂದರಷ್ಟು ಜನರ ಪಾಲು. ದೇಶವೂ ಒಂದೇ, ವರ್ಷವೂ ಒಂದೇ.

ಹಾಗಾದರೆ ಲೆಕ್ಕವೇ ಬೇಡವೇ? ಗಣಿತ ಕಲಿಸಿ ಅನ್ನ ತಿನ್ನುವವರು ಹಾಗೆ ಹೇಳಲಾರೆವು. ದಾದಾಭಾಯಿ ನವರೋಜಿಯವರು ಭಾರತೀಯನ ವಾರ್ಷಿಕ ಆದಾಯ 20 ರೂಪಾಯಿ ಎಂದು ಎಣಿಸಿ, ಸೆರೆಮನೆಯ ಕೈದಿಗೆ ಸರ್ಕಾರ ಮಾಡುವ ಖರ್ಚು ಅದಕ್ಕಿಂತ ಹೆಚ್ಚೆಂದು ತೋರಿಸಿದಾಗ, ಆ ಸರಾಸರಿಯೇ ಬ್ರಿಟಿಷರ ಎದುರು ಆಯುಧವಾಯಿತು. ಸೈಮನ್ ಕುಜ್ನೆಟ್ಸ್ ಅಮೆರಿಕದ ರಾಷ್ಟ್ರೀಯ ಆದಾಯವನ್ನು ಲೆಕ್ಕ ಹಾಕಿಕೊಟ್ಟಾಗ, 1934ರ ಅದೇ ವರದಿಯಲ್ಲಿ, ಈ ಅಂಕದಿಂದ ಜನರ ಕ್ಷೇಮವನ್ನು ಊಹಿಸಬೇಡಿರೆಂದೂ ಎಚ್ಚರಿಸಿದ್ದನು. ವಿಶ್ವಸಂಸ್ಥೆಯ ಅಭಿವೃದ್ಧಿ ಕಾರ್ಯಕ್ರಮದವರು 1990ರಲ್ಲಿ ಆಯುಸ್ಸನ್ನೂ ವಿದ್ಯೆಯನ್ನೂ ಆದಾಯದ ಪಕ್ಕದಲ್ಲಿಟ್ಟು ಮಾನವ ಅಭಿವೃದ್ಧಿಯ ಸೂಚ್ಯಂಕವನ್ನು ತಂದರು. ಅದರಲ್ಲಿಯೂ ಸರಾಸರಿಯ ದೋಷವಿತ್ತು; 2010ರಿಂದ ಅಸಮಾನತೆಯನ್ನು ಕಳೆದು ತೋರಿಸುವ ಇನ್ನೊಂದು ಸೂಚ್ಯಂಕವೂ ಬರುತ್ತಿದೆ.

ಕಾಲ ಕಾಲಗಳ ಹೋಲಿಕೆ ಇನ್ನೂ ಕಷ್ಟ. ನಮ್ಮ ಅಜ್ಜಂದಿರ ಕೈಯಲ್ಲಿ ನಿಜಾಮನ ಹಾಲಿ ಸಿಕ್ಕ ಇತ್ತು; ಅಂಥ ಏಳು ರೂಪಾಯಿಗೆ ಬ್ರಿಟಿಷರ ಕಲ್ದಾರ್ ಆರು ರೂಪಾಯಿ. ರೂಪಾಯಿ ಎಂಬ ಹೆಸರು ಒಂದೇ ಆದರೂ ಕೊಳ್ಳುವ ಬಲ ಬೇರೆಯೆಂಬ ಪಾಠ ಈ ಸೀಮೆಯ ಸಂತೆಗೆ ಹೊಸದಲ್ಲ. ಒಮ್ಮೆ ವೃದ್ಧರೊಬ್ಬರನ್ನು, "ಮುತ್ತ್ಯಾ, ಆ ಕಾಲ ಸುಖವೋ, ಈ ಕಾಲ ಸುಖವೋ?" ಎಂದು ಕೇಳಿದೆವು. "ಆಗ ಜ್ವಾಳ ಕಮ್ಮಿ ಇತ್ತು, ಸಾಲಾನೂ ಕಮ್ಮಿ ಇತ್ತು. ಈಗ ಅಕ್ಕಿ ಅದ, ಸಾಲಾನೂ ಅದ. ಯಾವುದು ಬರಕೋತೀರಿ ಮಾಸ್ತರ್?" ಎಂದರು. ನಾವು ಬರೆದುಕೊಳ್ಳಲಿಲ್ಲ.

ಸರಿಯಾಗಿ ಅಳೆಯುವುದು ಅಸಾಧ್ಯವೇನಲ್ಲ. ಅದೇ ಪಟಾನ್‌ಚೆರುವಿನಲ್ಲಿರುವ ಇಕ್ರಿಸ್ಯಾಟ್ ಸಂಶೋಧನ ಸಂಸ್ಥೆಯು 1975ರಲ್ಲಿ ಮಹಬೂಬನಗರ, ಸೊಲ್ಲಾಪುರ, ಅಕೋಲಾ ಜಿಲ್ಲೆಗಳ ಆರು ಹಳ್ಳಿಗಳಲ್ಲಿ, ಹಳ್ಳಿಗೆ 40ರಂತೆ ಮನೆಗಳನ್ನು ಆರಿಸಿ, ಅವುಗಳ ಗಳಿಕೆ, ಕೂಲಿ, ಸಾಲಗಳನ್ನು ವರ್ಷ ವರ್ಷವೂ ಬರೆದಿಟ್ಟಿತು. ಭೂಮಿಯಿಲ್ಲದವರ ಮನೆಗಳನ್ನು ಬೇಕೆಂದೇ ಸೇರಿಸಿತು. ಇತ್ತ ಜಹೀರಾಬಾದಿನ ಸುತ್ತ ಡೆಕ್ಕನ್ ಡೆವಲಪ್‌ಮೆಂಟ್ ಸೊಸೈಟಿಯ ಸಂಘಗಳ ಹೆಂಗಸರು, ಹೆಚ್ಚಿನವರು ದಲಿತರು, 1990ರ ದಶಕದಲ್ಲಿ ಬೀಳು ಹೊಲಗಳಲ್ಲಿ ಜೋಳ ಬೆಳೆಸಿ ಊರ ಕಣಜಗಳನ್ನು ಕಟ್ಟಿದರು. ಯಾವ ಮನೆಗೆ ಎಷ್ಟು ಕಾಳು ಎಂಬುದನ್ನು ಕಚೇರಿಯ ಪಟ್ಟಿಯಿಂದ ನೋಡಲಿಲ್ಲ. ಯಾರು ಎಷ್ಟು ಬಡವರೆಂದು ಊರವರೇ ಕುಳಿತು ನಿಶ್ಚಯಿಸಿದರು. ಅಕ್ಷರ ಬಾರದ ಆ ತಾಯಂದಿರು ನಮ್ಮ ಭಾಷಣಕಾರರಿಗಿಂತ ಒಳ್ಳೆಯ ಸಂಖ್ಯಾಶಾಸ್ತ್ರಜ್ಞರೆಂದು ನಾವು ಧೈರ್ಯವಾಗಿ ಹೇಳುತ್ತೇವೆ.

2024ರ ನವೆಂಬರಿನಲ್ಲಿ ತೆಲಂಗಾಣದ ಮನೆಮನೆಯ ಸಮೀಕ್ಷೆ ನಡೆದಾಗ ಗಣತಿಗೆ ಹೊರಟವರಲ್ಲಿ ಪ್ರಾಥಮಿಕ ಶಾಲೆಯ ಉಪಾಧ್ಯಾಯರೇ ಮುಖ್ಯರು. ಭೂಮಿ, ಸಾಲ, ವಲಸೆ, ಆದಾಯ ಎಲ್ಲವನ್ನೂ ಕೇಳಿ ಬರೆದೆವು. 2025ರ ಫೆಬ್ರವರಿಯಲ್ಲಿ ಜಾತಿವಾರು ಅಂಕಗಳು ಹೊರಬಂದವು. ನಾವು ಬೇಡುವುದು ಊರುವಾರು ಅಂಕಗಳನ್ನು. ಯಾರ ಹೆಸರೂ ಬೇಡ, ಪ್ರತಿ ಊರಿನ ಪಂಚಾಯಿತಿಯ ಗೋಡೆಗೆ ಆ ಊರಿನ ಲೆಕ್ಕವನ್ನು ಅಂಟಿಸಲಿ.

ಅಲ್ಲಿಯವರೆಗೆ ನಮ್ಮ ಬಳಿ ಒಂದು ಅಳತೆಗೋಲುಂಟು: ಹಾಜರಿ ಪುಸ್ತಕ. ದಸರೆ ಕಳೆದು ಕಬ್ಬಿನ ಕಟಾವು ಬಂದೊಡನೆ ಗುತ್ತೇದಾರನಿಂದ ಮುಂಗಡ ಪಡೆದವರು ತಾಂಡಾಗಳಿಂದ ಸಕ್ಕರೆ ಕಾರ್ಖಾನೆಗಳ ಕಡೆಗೆ ಹೊರಡುತ್ತಾರೆ. ಕೆಲವು ಮಕ್ಕಳು ಅಜ್ಜಿಯ ಬಳಿ ಉಳಿಯುತ್ತಾರೆ, ಕೆಲವರು ಗಾಡಿ ಹತ್ತುತ್ತಾರೆ. ಹತ್ತಿದವರ ಹೆಸರಿನ ಮುಂದೆ ಯುಗಾದಿಯವರೆಗೆ ನಾವು 'ಗೈ' ಎಂದು ಬರೆಯುತ್ತ ಹೋಗುತ್ತೇವೆ. ಹಳೆಯ ವರ್ಷಗಳ ಪುಸ್ತಕಗಳನ್ನು ಕಪಾಟಿನಿಂದ ಇಳಿಸಿ, ದೊಡ್ಡ ತರಗತಿಯ ಮಕ್ಕಳನ್ನು ಕೂರಿಸಿಕೊಂಡು ಆ ಅಕ್ಷರಗಳನ್ನು ಎಣಿಸಲು ತೊಡಗಿದ್ದೇವೆ. ಬೇರೆ ಶಾಲೆಗಳ ಉಪಾಧ್ಯಾಯ ಬಂಧುಗಳೂ ಎಣಿಸಿ ಸಂಘಕ್ಕೆ ಕಳುಹಿಸಿದರೆ, ವರ್ಷವಾರು, ಊರುವಾರು ಪಟ್ಟಿಯನ್ನು ಈ ಪತ್ರಿಕೆಯಲ್ಲಿಯೇ ಕೊಡಬಹುದು. ಆ ಭಾಷಣಕಾರರಿಗೂ ಒಂದು ಪ್ರತಿಯನ್ನು ಕಳುಹಿಸುವೆವು.