ಕಾರಿನ ಕೈಸನ್ನೆ

ನಮ್ಮ ಕೋಲ್ಕತ್ತದ ರಸ್ತೆಗಳನ್ನು ದಾಟುವವರಿಗೆ, ಎದುರಿನ ಕಾರು ಯಾವ ಕಡೆ ತಿರುಗುವುದೆಂದು ತಿಳಿಯುವುದು ಪ್ರಾಣದ ಪ್ರಶ್ನೆಯೇ ಸರಿ.

ಹಿಂದೆ ಮಾರಿಸ್ ಮೈನರ್ ಕಾರು ಇದನ್ನು ಕೈಯೆತ್ತಿ ಹೇಳುತ್ತಿತ್ತು. ವಿದ್ಯುತ್ ಅಯಸ್ಕಾಂತ ಎಳೆದೊಡನೆ ಬಾಗಿಲ ಪಕ್ಕದಿಂದ, ರೈಲ್ವೆ ಕೈಮರದಂತೆ, ಪುಟ್ಟ ತೋಳೊಂದು ದೀಪ ಹೊತ್ತು ಹೊರಬರುತ್ತಿತ್ತು. ತೋಳು ಸಿಕ್ಕಿಕೊಳ್ಳುವುದೂ ಮುರಿಯುವುದೂ ಉಂಟು. 1961ರಲ್ಲಿ ಮಿನುಗುದೀಪ ಅದರ ಸ್ಥಾನಕ್ಕೆ ಬಂತು. ನೆರೆಯ ಉತ್ತರಪಾಡಾದಲ್ಲಿ 2014ರವರೆಗೆ ತಯಾರಾದ ಅಂಬಾಸಿಡರ್ ಕಾರಿನದೂ ಮಿನುಗುದೀಪವೇ.

ಮಿನುಗುವಾಗ ಕೇಳುವ 'ಟಿಕ್ ಟಿಕ್' ಮೊದಲು ಫ್ಲಾಷರ್ ಡಬ್ಬಿಯೊಳಗಿನ ಲೋಹದ ಪಟ್ಟಿಯದು. ಅದು ಕಾದು, ತಣಿದು ದೀಪವನ್ನು ಹತ್ತಿಸಿ ಆರಿಸುತ್ತಿತ್ತು. ಈಗ ಅನೇಕ ಕಾರುಗಳಲ್ಲಿ ಸ್ಪೀಕರೇ ಆ ಸದ್ದನ್ನು ಹೊರಡಿಸುತ್ತದೆ. ಚಾಲಕನು ಸನ್ನೆಯನ್ನು ಆರಿಸಲು ಮರೆಯದಿರಲೆಂದೇ ಅದನ್ನು ಉಳಿಸಿದ್ದಾರೆ.

ಈಗಿನ ಕಾರುಗಳಲ್ಲಿ ಈ ಸದ್ದು ಇದ್ದಕ್ಕಿದ್ದಂತೆ ಚುರುಕಾದರೆ, ಸಾಮಾನ್ಯವಾಗಿ ಆ ಕಡೆಯ ಬಲ್ಬೊಂದು ಕೆಟ್ಟಿದೆ ಎಂದರ್ಥ. ಒಳಗೆ ಕುಳಿತವನಿಗೆ ಹಿಂದಿನ ಬಲ್ಬು ಕಾಣದು. ಆದ್ದರಿಂದ ಕಿವಿಗೆ ತಿಳಿಸುವ ಏರ್ಪಾಡು.

ಕಾರುಳ್ಳ ಬಂಧುಗಳು ಆ ಅವಸರದ ಸದ್ದನ್ನು ಉದಾಸೀನ ಮಾಡದೆ, ಅಂದೇ ಬಲ್ಬು ಬದಲಾಯಿಸಬೇಕೆಂದು ನಮ್ಮ ಬಿನ್ನಹ. ರಸ್ತೆಯಂಚಿನಲ್ಲಿ ನಿಂತ ಶಾಲೆಯ ಮಕ್ಕಳು ನಂಬುವುದು ಆ ದೀಪವನ್ನೇ.