ಮೈಮೇಲೆ ಬಂದಾಗ ಆಡಿದ ಮಾತು



ಹೋದ ಅಮಾವಾಸ್ಯೆಯ ಮರುದಿನ ನಮ್ಮ ತರಗತಿಯಲ್ಲಿ ಕೆಲವರು ತಲೆಗೂದಲು ಕೆದರಿಕೊಂಡು, ಮೈ ನಡುಗಿಸಿ ನಕ್ಕರು. ಅದು ನಮ್ಮ ದೊಡ್ಡವ್ವನ ಅಣಕ. ಅವಳ ಮೈಮೇಲೆ ದೇವಿ ಬರುತ್ತಾಳೆ. ನನಗೆ ಬಹಳ ಕೆಟ್ಟ ಅನಿಸಿತು. ಇದನ್ನು ಬರೆಯಲೇನು ಅಂತ ದೊಡ್ಡವ್ವನನ್ನೇ ಕೇಳಿದೆ. "ಬರಿ" ಅಂದಳು.

ಉಳಿದ ದಿನ ದೊಡ್ಡವ್ವ ದೊಡ್ಡಪ್ಪನ ಮುಂದೆ ತಲೆ ಎತ್ತಿ ಮಾತಾಡೋದಿಲ್ಲ. ಅವತ್ತು ಮಾತ್ರ, "ಇನ್ನ ಕುಡದು ಬಂದು ಈ ಹೆಣ್ಣಮಗಳ ಮ್ಯಾಲೆ ಕೈ ಎತ್ತಿದರ ನೋಡು!" ಅಂದಳು. ದೊಡ್ಡಪ್ಪ ಟೊಪ್ಪಿಗೆ ತೆಗೆದು, ಕೈ ಮುಗಿದು, "ತಪ್ಪಾತವ್ವಾ" ಅಂದರು.

ದೂರದ ಆಫ್ರಿಕಾದಲ್ಲೂ ಹೀಗೆ ನಡೆದಿತ್ತು ಎಂದು ಗುರುಗಳು ಹೇಳಿದರು. ನೈಜರ್ ದೇಶವನ್ನು ಆಗ ಫ್ರೆಂಚರು ಆಳುತ್ತಿದ್ದರು. ಅಲ್ಲಿ 1925ರ ಸುಮಾರಿಗೆ 'ಹೌಕಾ' ಎಂಬ ಪದ್ಧತಿ ಹುಟ್ಟಿತು. ಬಡಜನರ ಮೈಮೇಲೆ ಗವರ್ನರ್, ಜನರಲ್ ಇಂಥ ಸಾಹೇಬರೇ ಬರುತ್ತಿದ್ದರಂತೆ! ಕಟ್ಟಿಗೆಯ ಬಂದೂಕು ಹಿಡಿದು ಕವಾಯತು ಮಾಡುತ್ತಿದ್ದರು, ಹುಕುಂ ಕೊಡುತ್ತಿದ್ದರು. ಸರಕಾರ ಅವರನ್ನು ಜೈಲಿಗೆ ಹಾಕಿತು. ಬರೀ ಹುಚ್ಚಾಟ ಆಗಿದ್ದರೆ ಸರಕಾರ ಯಾಕೆ ಹೆದರಬೇಕಿತ್ತು?

ಇನ್ನು ನಮ್ಮ ಹೊಸರಿತ್ತಿಯ ವೀರಭದ್ರ ದೇವರ ಗುಡಿಯನ್ನು ನೆನೆಯಿರಿ. ವೀರಭದ್ರ ಅಂದರೆ ನಮಗೆ ಪುರವಂತರ ಒಡಪು, ಶಸ್ತ್ರ, ಆವೇಶ ನೆನಪಾಗುತ್ತವೆ. ಆದರೆ ಬ್ರಿಟಿಷರ ಕಾಲದಲ್ಲಿ ರೈತರಿಂದ ವಸೂಲು ಮಾಡಿದ ಕಂದಾಯದ ಹಣವನ್ನು ಇದೇ ಗುಡಿಯಲ್ಲಿ ಇಟ್ಟಿದ್ದರು. 1943ರ ಏಪ್ರಿಲ್ 1ರಂದು ಅದನ್ನು ವಶ ಮಾಡಿಕೊಳ್ಳಲು ಬಂದ ಮೋಟೆಬೆನ್ನೂರಿನ ಮೈಲಾರ ಮಹಾದೇವಪ್ಪ, ತಿರಕಪ್ಪ ಮಡಿವಾಳರ, ವೀರಯ್ಯ ಹಿರೇಮಠ ಪೋಲೀಸರ ಗುಂಡಿಗೆ ಬಲಿಯಾದರು. ಅವರ ಮೈಮೇಲೆ ದೇವರು ಬಂದಿರಲಿಲ್ಲ. ಮೈಮೇಲೆ ಎಚ್ಚರ ಇಟ್ಟುಕೊಂಡೇ ಸರಕಾರಕ್ಕೆ ಎದುರು ನಿಂತರು.

ಅಂಥ ಧೈರ್ಯವೇ ದೊಡ್ಡದು ಎಂದು ನನ್ನ ಅಭಿಪ್ರಾಯ. ಆದರೆ ಅದು ಎಲ್ಲರಿಗೂ ಬರೋದಿಲ್ಲ. ಬಾಯಿ ಕಟ್ಟಿದವರು ದೇವರ ಬಾಯಿಂದ ಮಾತಾಡುತ್ತಾರೆ. ಮೈಮೇಲೆ ದೇವಿ ಬಂದದ್ದು ಖರೇನೋ ಸುಳ್ಳೋ ನನಗೆ ತಿಳಿಯದು. ದೊಡ್ಡವ್ವ ಆಡಿದ ಮಾತಂತೂ ಖರೇ.

ದೇವಿ ಬರದ ದಿನವೂ ಅವಳು ಆ ಮಾತು ಆಡುವಂತಾಗಬೇಕು, ದೊಡ್ಡಪ್ಪ ಕೇಳುವಂತಾಗಬೇಕು. ಅಲ್ಲೀತನಕ ದಯಮಾಡಿ ಅಣಕಿಸಬೇಡಿರಿ. ಅವಳು ಏನು ಹೇಳಿದಳು ಅಂತ ಕೇಳಿರಿ.

— 7ನೇ ತರಗತಿಯ ವಿದ್ಯಾರ್ಥಿನಿ