ಒತ್ತಿದವರನ್ನ ಬೈದದ್ದು ಸಾಕು, ಫೈಲ್ ಬಿಚ್ಚಿ ತೋರಿಸಿ

ಖಾನಾಪುರ ತಾಲ್ಲೂಕಿನ ಒಂದು ಹಳ್ಳಿ. ಹಾಲಿನ ಡೇರಿ ಮುಂದೆ ಒಬ್ಬ ಕಾಕಾ ತಮ್ಮ ಮೊಬೈಲ್ ನಮ್ಮ ಕೈಗೆ ಕೊಟ್ಟರು. "ಪಿಎಂ ಕಿಸಾನ್ ಅಂತ ಬಂದಿತ್ರೀ. ಒತ್ತಿದೆ. ಮರುದಿನ ಖಾತೆದಾಗ ರೊಕ್ಕನ ಇರಲಿಲ್ಲ" ಅಂದರು. ಬ್ಯಾಂಕಿಗೆ ಹೋದರೆ ಅಲ್ಲಿ ಕೇಳಿದ್ದು ಒಂದೇ ಮಾತು: "ನೀವ್ಯಾಕ ಒತ್ತಿದ್ರಿ?" ಮನೆಯಲ್ಲಿ ಮಗನೂ ಅದನ್ನೇ ಕೇಳಿದ.

ಆ ಫೈಲಿನೊಳಗೆ ಏನಿತ್ತು ಅಂತ ಮಾತ್ರ ಯಾರೂ ಕೇಳಲಿಲ್ಲ. ನಮ್ಮ ತಕರಾರು ಇದೇ.

ಮದುವೆ ಕಾರ್ಡ್, ಆರ್‌ಟಿಒ ಚಲನ್, ಪಿಎಂ ಕಿಸಾನ್ ಕಂತು. ಇಂಥ ಹೆಸರಿನ ಫೈಲ್‌ಗಳು ವಾಟ್ಸ್‌ಆ್ಯಪ್ ಗ್ರೂಪಿಗೆ ಬರುತ್ತವೆ. ಹೆಸರಿನ ಕೊನೆಗೆ ಡಾಟ್ ಎಪಿಕೆ ಅಂತ ಇದ್ದರೆ ಅದು ಕಾರ್ಡೂ ಅಲ್ಲ, ಚಲನ್ನೂ ಅಲ್ಲ. ಅದು ಫೋನಿನೊಳಗೆ ಬಂದು ಕೂರುವ ಆ್ಯಪ್. ಇಷ್ಟನ್ನು ಪೊಲೀಸರು ಎಷ್ಟೋ ಸಲ ಹೇಳಿದ್ದಾರೆ. ಆದರೆ "ಒತ್ತಬೇಡಿ" ಅನ್ನೋದು ಅರ್ಧ ಮಾತು. ಯಾಕೆ ಒತ್ತಬಾರದು ಅಂತ ಕಣ್ಣಿಗೆ ತೋರಿಸಿದರೆ ಮಾತ್ರ ತಲೆಯಲ್ಲಿ ನಿಲ್ಲುತ್ತೆ.

ತೋರಿಸಲು ಸಾಧ್ಯವೂ ಇದೆ. ಆ್ಯಪ್ ಮಾಡುವವರು ಸ್ಕ್ರೀನಿನ ಮೇಲೆ ಎಲ್ಲಿ ಬಟನ್ ಇರಬೇಕು, ಎಲ್ಲಿ ನಂಬರ್ ಬರೆಯುವ ಖಾನೆ ಇರಬೇಕು ಅನ್ನೋದನ್ನ ಮೊದಲು ಎಕ್ಸ್‌ಎಂಎಲ್ ಅನ್ನುವ, ನಾವೂ ಓದಬಹುದಾದ ಬರಹದಲ್ಲಿ ಬರೆಯುತ್ತಾರೆ. ಎಪಿಕೆ ಕಟ್ಟುವಾಗ ಆ ಬರಹ ಫೋನಿಗೆ ಬೇಗ ಓದಲು ಬರುವ ಬೈನರಿ ರೂಪಕ್ಕೆ ಬದಲಾಗುತ್ತೆ. ಇದಕ್ಕೆ ಕಂಪೈಲ್ ಮಾಡೋದು ಅಂತಾರೆ. ಆಮೇಲೆ ತೆರೆದು ನೋಡಿದರೆ ನಮಗೆ ಕಾಣೋದು ಬರೀ ಅಡ್ಡಾದಿಡ್ಡಿ ಚಿಹ್ನೆ.

ನಮ್ಮ ಖಾನಾಪುರದ ಹೆಂಚು ಒಮ್ಮೆ ಭಟ್ಟಿಯಲ್ಲಿ ಸುಟ್ಟರೆ ಮತ್ತೆ ಮಣ್ಣಾಗೋದಿಲ್ಲ. ಈ ಫೈಲ್ ಹಾಗಲ್ಲ. ಎಪಿಕೆ ಅನ್ನೋದು ಒಳಗಿನಿಂದ ಒಂದು ಜಿಪ್ ಗಂಟು. ಅದನ್ನ ಬಿಚ್ಚಿ, ಕಂಪೈಲ್ ಆದ ಬರಹವನ್ನ ಮತ್ತೆ ಓದುವ ಹಾಗೆ ಮಾಡುವುದಕ್ಕೆ ಡಿಕಂಪೈಲ್ ಅಂತಾರೆ. ಇದಕ್ಕೆ ಎಪಿಕೆಟೂಲ್ ಅನ್ನುವ ಸಾಧನ 2010ರಿಂದ ಇದೆ. ಆಂಡ್ರೋಗಾರ್ಡ್ ಅನ್ನುವ ಪೈಥಾನ್ ಲೈಬ್ರರಿಯೂ ಇದೆ. ಲೈಬ್ರರಿ ಅಂದರೆ ಇಲ್ಲಿ ಪುಸ್ತಕದ ಮನೆಯಲ್ಲ. ಬೇರೆ ಪ್ರೋಗ್ರಾಂ ಬರೆಯುವವರು ಹಾಗೇ ಎತ್ತಿ ಬಳಸಲಿ ಅಂತ ಸಿದ್ಧ ಮಾಡಿಟ್ಟ ಕೋಡ್. ಎರಡೂ ಪುಕ್ಕಟೆ. ವಿಂಡೋಸ್ ಕಂಪ್ಯೂಟರಿನ ಎಷ್ಟೋ ಪ್ರೋಗ್ರಾಂಗಳ ಸ್ಕ್ರೀನ್ ಬಿಚ್ಚಲೂ ಐಎಲ್‌ಸ್ಪೈ ಅನ್ನುವ ಸಾಧನ ಇದೆ.

ಕಾಕಾರ ಒಪ್ಪಿಗೆ ಪಡೆದು ಆ ಫೈಲನ್ನ ಬೆಳಗಾವಿಗೆ ತಂದೆವು. ಎಂಜಿನಿಯರಿಂಗ್ ಓದಿದ ಗೆಳೆಯರೊಬ್ಬರು ಇಂಟರ್ನೆಟ್ ಇಲ್ಲದ ಹಳೆಯ ಲ್ಯಾಪ್‌ಟಾಪಿನಲ್ಲಿ ಅದನ್ನ ಬಿಚ್ಚಿದರು. ಚಹಾ ಆರುವುದರೊಳಗೆ ಮುಗಿಯಿತು. ಸ್ಕ್ರೀನಿನ ಬರಹದಲ್ಲಿ ಒಂದು ಸರ್ಕಾರಿ ಥರದ ಚಿತ್ರ, ಕೆಳಗೆ ಆಧಾರ್ ನಂಬರಿನ ಖಾನೆ, ಅದರ ಕೆಳಗೆ ಯುಪಿಐ ಪಿನ್ ಖಾನೆ. ಮ್ಯಾನಿಫೆಸ್ಟ್ ಅನ್ನುವ ಇನ್ನೊಂದು ಫೈಲಿನಲ್ಲಿ ಆ್ಯಪ್ ಕೇಳುವ ಅನುಮತಿಗಳ ಪಟ್ಟಿ. ಅದರಲ್ಲಿ ರೀಡ್ ಎಸ್‌ಎಂಎಸ್, ರಿಸೀವ್ ಎಸ್‌ಎಂಎಸ್ ಅಂತ ಎರಡು ಸಾಲು. ಅಂದರೆ ಫೋನಿಗೆ ಬರುವ ಪ್ರತಿ ಒಟಿಪಿ ಈ ಆ್ಯಪಿಗೂ ಕಾಣುತ್ತೆ. ಕಂತು ಕೊಡುವವರಿಗೆ ನಿಮ್ಮ ಪಿನ್ ಯಾಕೆ ಬೇಕು, ನಿಮ್ಮ ಮೆಸೇಜ್ ಯಾಕೆ ಬೇಕು? ಇದನ್ನ ತೋರಿಸಿದಾಗ ಕಾಕಾ ಸ್ವಲ್ಪ ಹೊತ್ತು ಸುಮ್ಮನಿದ್ದರು. ಆಮೇಲೆ, "ಅಂದ್ರ ನಾ ದಡ್ಡ ಅಲ್ರೀ, ಬಲಿ ಹಾಕಿದ್ರು" ಅಂದರು.

ಈ ಸಾಧನಗಳಿಗೆ ಮಿತಿ ಇದೆ ಅನ್ನೋದನ್ನೂ ಹೇಳಬೇಕು. ಕಳ್ಳರು ಒಳಗಿನ ಹೆಸರುಗಳನ್ನ ಕಲಸಿ ಇಟ್ಟಿರುತ್ತಾರೆ. ರೊಕ್ಕ ಎಲ್ಲಿಗೆ ಹೋಯಿತು ಅನ್ನೋದು ದೂರದ ಸರ್ವರಿನಲ್ಲಿ ಇರುತ್ತೆ, ಫೋನಿನಲ್ಲಿ ಅಲ್ಲ. ಆದರೂ ಫೈಲ್ ಏನು ಕೇಳುತ್ತೆ ಅನ್ನೋದು ಬಹಳಷ್ಟು ಸಲ ಗೊತ್ತಾಗುತ್ತೆ. ಕೆಲವೊಮ್ಮೆ ಸರ್ವರಿನ ವಿಳಾಸವೂ ಸಿಗುತ್ತೆ.

"ಇದನ್ನ ಎಲ್ಲರಿಗೂ ಹೇಳಿಕೊಟ್ಟರೆ ಕಳ್ಳರಿಗೇ ಅನುಕೂಲ" ಅನ್ನುವವರಿದ್ದಾರೆ. ಕಳ್ಳರಿಗೆ ಇದು ಮೊದಲೇ ಗೊತ್ತು. ನಿಜವಾದ ಆ್ಯಪನ್ನ ಇದೇ ಸಾಧನದಿಂದ ಬಿಚ್ಚಿ, ತಮ್ಮ ಕೋಡ್ ಸೇರಿಸಿ ಮತ್ತೆ ಕಟ್ಟುವವರು ಅವರೇ. ಗೊತ್ತಿಲ್ಲದಿರೋದು ನಮಗೆ. ಇನ್ನೊಬ್ಬರ ಆ್ಯಪ್ ನಕಲು ಮಾಡಿ ಮಾರೋದು ತಪ್ಪು, ಒಪ್ಪುತ್ತೇವೆ. ಆದರೆ ಪ್ರೋಗ್ರಾಂ ಹೇಗೆ ಕೆಲಸ ಮಾಡುತ್ತೆ ಅಂತ ಅಭ್ಯಾಸ ಮಾಡಲು 1957ರ ಕಾಪಿರೈಟ್ ಕಾಯ್ದೆಯ 52ನೇ ಕಲಮಿನಲ್ಲೇ ಕೆಲವು ವಿನಾಯಿತಿಗಳಿವೆ.

ಹಾಗಾಗಿ ನಮ್ಮ ಬೇಡಿಕೆ ದೊಡ್ಡದಲ್ಲ. ವಿಶ್ವೇಶ್ವರಯ್ಯ ತಾಂತ್ರಿಕ ವಿಶ್ವವಿದ್ಯಾಲಯ 1998ರಿಂದ ಬೆಳಗಾವಿಯಲ್ಲೇ ಇದೆ. ಗೋಗಟೆಯಂಥ ಹಳೆಯ ಎಂಜಿನಿಯರಿಂಗ್ ಕಾಲೇಜುಗಳೂ ಇಲ್ಲೇ ಇವೆ. ಕೊನೆ ವರ್ಷದ ಮಕ್ಕಳು ಪ್ರಾಜೆಕ್ಟ್ ಹುಡುಕುತ್ತಾ ಓಡಾಡುತ್ತಾರೆ. ಸೈಬರ್ ಪೊಲೀಸರು ತಮಗೆ ಬಂದ ಇಂಥ ಫೈಲ್‌ಗಳಲ್ಲಿ ತಿಂಗಳಿಗೆ ನಾಲ್ಕನ್ನು ಆ ಮಕ್ಕಳಿಗೆ ಕೊಡಲಿ. ಅವರು ಗುರುಗಳ ಎದುರು ಬಿಚ್ಚಿ ನೋಡಲಿ. ಸಿಕ್ಕಿದ್ದನ್ನ ಕನ್ನಡದಲ್ಲಿ, ಮರಾಠಿಯಲ್ಲಿ ಒಂದೊಂದು ಪುಟ ಬರೆಯಲಿ. ಆ ಪುಟ ಪಂಚಾಯ್ತಿ, ಡೇರಿ, ಸೊಸೈಟಿ ಗೋಡೆಗೆ ಅಂಟಲಿ. ಬೆಳಗಾವಿಯಿಂದ ಖಾನಾಪುರ ದೂರವೇನಲ್ಲ. ಆ ಮಕ್ಕಳೇ ಒಂದು ದಿನ ಬಂದು ತೋರಿಸಿದರೆ ಇನ್ನೂ ಒಳ್ಳೇದು.

ಓದುಗರು ತಮ್ಮ ಫೋನಿನಲ್ಲಿ ಇಂಥ ಫೈಲ್ ಬಿಚ್ಚುವ ಪ್ರಯೋಗ ಮಾಡಬೇಡಿ. ಈಗಾಗಲೇ ಒತ್ತಿದ್ದರೆ ಮೊದಲು ಡೇಟಾ, ವೈಫೈ ಎರಡೂ ಬಂದ್ ಮಾಡಿ. ಬೇರೆಯವರ ಫೋನಿನಿಂದ 1930ಕ್ಕೆ ಕರೆ ಮಾಡಿ, ಆಮೇಲೆ ಬ್ಯಾಂಕಿಗೆ ತಿಳಿಸಿ. ಬೇಗ ಹೇಳಿದಷ್ಟೂ ರೊಕ್ಕ ತಡೆಯುವ ಆಸೆ ಹೆಚ್ಚು. ಬಂದ ಮೆಸೇಜ್ ಅಳಿಸಬೇಡಿ, ಅದೇ ಪುರಾವೆ.

ಮನೆಯಲ್ಲಿ ಅಪ್ಪನೋ ಅವ್ವನೋ ಇಂಥದ್ದನ್ನ ಒತ್ತಿಬಿಟ್ಟರೆ "ಯಾಕ ಒತ್ತಿದಿ" ಅಂತ ಶುರು ಮಾಡಬೇಡಿ. ಬೈಗುಳಕ್ಕೆ ಹೆದರಿ ಎರಡು ದಿನ ಮುಚ್ಚಿಟ್ಟರೆ, ಆ ಎರಡು ದಿನ ಕಳ್ಳನಿಗೆ ಸಿಕ್ಕ ಹಾಗೆ.